ಹುಟ್ಟುವ ಮೊದಲೇ ನಿಷೇಧ

1948ರವರೆಗೆ ನಿಜಾಮನ ಆಳ್ವಿಕೆಯಲ್ಲಿದ್ದ ಮಾನ್ವಿ ತಾಲ್ಲೂಕಿನ ಕುರ್ಡಿಯಲ್ಲಿ ನಿಂತಾಗಲೆಲ್ಲ ನನಗೆ ಸ್ವಾಮಿ ರಮಾನಂದ ತೀರ್ಥರು ನೆನಪಾಗುತ್ತಾರೆ. 1903ರಲ್ಲಿ ಸಿಂದಗಿಯಲ್ಲಿ ಜನಿಸಿ, ಶಿಕ್ಷಕರಾಗಿ, 1930ರಲ್ಲಿ ಸನ್ಯಾಸ ಸ್ವೀಕರಿಸಿದವರು ಅವರು. ಅವರೂ ಸಂಗಡಿಗರೂ ಕಟ್ಟಹೊರಟ ಹೈದರಾಬಾದ್ ಸ್ಟೇಟ್ ಕಾಂಗ್ರೆಸ್ ವಿಧ್ಯುಕ್ತವಾಗಿ ಆರಂಭವಾಗುವ ಮೊದಲೇ, 1938ರ ಸೆಪ್ಟೆಂಬರ್‌ನಲ್ಲಿ, ನಿಷೇಧಕ್ಕೊಳಗಾಯಿತು. ಕೇಳಿದ್ದು ಜವಾಬ್ದಾರಿ ಸರ್ಕಾರ. ಅಂಟಿದ್ದು ಕೋಮುವಾದದ ಹಣೆಪಟ್ಟಿ. ಇನ್ನೂ ನಡೆಯದ ಅಪರಾಧಕ್ಕೆ ಕಾನೂನು ಎಷ್ಟು ಬೇಗ ಸಿದ್ಧವಾಗಿತ್ತು! ಅಕ್ಟೋಬರ್‌ನಲ್ಲಿ ಸತ್ಯಾಗ್ರಹ ಹೂಡಿದ ಸ್ವಾಮೀಜಿ ಸೆರೆಮನೆ ಸೇರಿದರು. ನಿಷೇಧ ತೆರವಾದದ್ದು 1946ರಲ್ಲಿ. ಆದರೂ ದೇಶ ಸ್ವತಂತ್ರವಾದ 1947ರ ಆಗಸ್ಟ್ 15ರಂದೇ, ತ್ರಿವರ್ಣ ಧ್ವಜದ ಕಾರಣಕ್ಕೆ, ಮತ್ತೆ ಬಂಧನ. ನವೆಂಬರ್‌ನಲ್ಲಿ ಬಿಡುಗಡೆ; ಜನವರಿಯಲ್ಲಿ ಪುನಃ ಸೆರೆ. 1948ರ ಸೆಪ್ಟೆಂಬರ್ 17ರಂದು ನಿಜಾಮ ಶರಣಾದ ಮೇಲಷ್ಟೇ ಅವರು ಹೊರಬಂದರು.