ಉಪ್ಪಿನ ಬಿಲ್ಲು ಹೇಳಿದ ಸತ್ಯ: ಅಂಕಿ-ಅಂಶದ ಮೇಷ್ಟ್ರು ಮಹಲನೋಬಿಸ್

ಬೆಂಗಳೂರು ದಕ್ಷಿಣ: ಬನಶಂಕರಿ ಕಡೆಯಿಂದ ಮೈಸೂರು ರಸ್ತೆಗೆ ಹೋದರೆ ಆರ್.ವಿ. ಕಾಲೇಜಿನ ಹತ್ತಿರ ಭಾರತೀಯ ಸಾಂಖ್ಯಿಕ ಸಂಸ್ಥೆಯ ಕ್ಯಾಂಪಸ್ ಸಿಗುತ್ತೆ. ಈ ಸಂಸ್ಥೆಯನ್ನು 1931ರಲ್ಲಿ ಕಲ್ಕತ್ತಾದಲ್ಲಿ ಕಟ್ಟಿದವರು ಪ್ರಶಾಂತ ಚಂದ್ರ ಮಹಲನೋಬಿಸ್. ಲೆಕ್ಕ ಹಾಕುವ ಮೊದಲು ಅಂಕಿಗಳನ್ನೇ ಸರಿಯಾಗಿ ನೋಡಬೇಕು ಅನ್ನೋದನ್ನು ಅವರು ಮಾಡಿ ತೋರಿಸಿದರು.

ಹುಟ್ಟಿದ್ದು 1893ರ ಜೂನ್ 29ರಂದು, ಕಲ್ಕತ್ತಾದಲ್ಲಿ. ಕೇಂಬ್ರಿಜ್‌ನಲ್ಲಿ ಓದಿ, ಊರಿಗೆ ಮರಳಿ ಪ್ರೆಸಿಡೆನ್ಸಿ ಕಾಲೇಜಿನಲ್ಲಿ ಭೌತಶಾಸ್ತ್ರದ ಮೇಷ್ಟ್ರಾದರು. ಬರುವಾಗ ಸಂಖ್ಯಾಶಾಸ್ತ್ರದ ಒಂದು ಪತ್ರಿಕೆಯ ಸಂಪುಟಗಳನ್ನು ಜೊತೆಗೆ ತಂದಿದ್ದರು. ಅಲ್ಲಿಂದ ಬದುಕಿನ ದಾರಿಯೇ ಬದಲಾಯ್ತು.

1926ರಲ್ಲಿ ಒಡಿಶಾದ ಬ್ರಾಹ್ಮಣಿ ನದಿಗೆ ಭಾರಿ ನೆರೆ ಬಂತು. ನದಿಯ ತಳ ಮೇಲೆದ್ದಿದೆ, ಒಡ್ಡು ಎತ್ತರಿಸಬೇಕು ಅಂತ ಎಂಜಿನಿಯರುಗಳು ಹೇಳಿದರು. ಮಹಲನೋಬಿಸ್ ಸುಮಾರು 60 ವರ್ಷದ ದಾಖಲೆ ಹರಡಿಕೊಂಡು ಕೂತರು. ತಳ ಏರಿರಲಿಲ್ಲ, ನದಿಯ ಮೇಲ್ಭಾಗದಲ್ಲಿ ಸುರಿದ ವಿಪರೀತ ಮಳೆಯೇ ಕಾರಣವಾಗಿತ್ತು. ಒಡ್ಡಿನ ಬದಲು ಅಣೆಕಟ್ಟು ಬೇಕು ಅಂದರು.

1933ರಲ್ಲಿ ರಿಸ್ಲಿ ಎಂಬ ಬ್ರಿಟಿಷ್ ಅಧಿಕಾರಿ ಪ್ರಕಟಿಸಿದ್ದ ಜನರ ದೇಹದ ಅಳತೆಗಳನ್ನು ಕೈಗೆತ್ತಿಕೊಂಡರು. ಅಚ್ಚಾಗಿದೆ ಅಂತ ನಂಬಲಿಲ್ಲ. ಒಂದಕ್ಕೊಂದು ತಾಳೆ ನೋಡಿ, ತಪ್ಪು ಹುಡುಕಿ, ತಿದ್ದಿದ ಮೇಲೇ ಮುಂದಕ್ಕೆ ಹೋದರು.

ನಮ್ಮ ದಿನಸಿ ಅಂಗಡಿಯವರಿಗೆ ಥಟ್ಟನೆ ಅರ್ಥವಾಗೋದು 1947ರ ದೆಹಲಿಯ ಕಥೆ. ಗಲಭೆಗೆ ಹೆದರಿದ ಜನ ಕೆಂಪುಕೋಟೆಯಲ್ಲಿ ಆಶ್ರಯ ಪಡೆದಿದ್ದರು. ಒಳಗೆ ಹೋಗಿ ಎಣಿಸುವ ಹಾಗಿರಲಿಲ್ಲ. ಊಟದ ಗುತ್ತಿಗೆದಾರರ ಬಿಲ್ಲು ಮಾತ್ರ ಏರುತ್ತಲೇ ಇತ್ತು. ಸರ್ಕಾರ ಸಂಖ್ಯಾಶಾಸ್ತ್ರಜ್ಞರನ್ನು ಕೇಳಿತು. ಮಹಲನೋಬಿಸ್ ಗರಡಿಯ ಜೆ.ಎಂ. ಸೇನ್‌ಗುಪ್ತ ಹೇಳಿದ ಉಪಾಯ ಇಲ್ಲಿ ಕೆಲಸಕ್ಕೆ ಬಂತು: ಅಕ್ಕಿ, ಬೇಳೆ, ಉಪ್ಪಿನ ಬಿಲ್ಲುಗಳನ್ನು ಬೇರೆ ಬೇರೆ ನೋಡುವುದು. ಒಬ್ಬ ಮನುಷ್ಯನಿಗೆ ದಿನಕ್ಕೆ ಎಷ್ಟು ಬೇಕು ಅಂತ ಹಿಂದಿನ ಸಮೀಕ್ಷೆಗಳಿಂದ ಗೊತ್ತಿತ್ತು. ಅಕ್ಕಿ ಲೆಕ್ಕದಲ್ಲಿ ಜನ ಜಾಸ್ತಿ ಬಂದರು, ಉಪ್ಪಿನ ಲೆಕ್ಕದಲ್ಲಿ ಕಮ್ಮಿ. ಉಪ್ಪು ಅಗ್ಗ, ಅದರ ಬಿಲ್ಲು ಹಿಗ್ಗಿಸಿ ಯಾರಿಗೂ ಲಾಭವಿಲ್ಲ. ಹಾಗಾಗಿ ಉಪ್ಪನ್ನೇ ನಂಬಿದರು. ಹುಮಾಯೂನ್ ಸಮಾಧಿಯ ಶಿಬಿರದಲ್ಲಿ ಎಣಿಕೆ ಸಾಧ್ಯವಿತ್ತು; ಅಲ್ಲಿ ಇದೇ ಲೆಕ್ಕ ತಾಳೆಯಾಯ್ತು. ಈ ಕಥೆಯನ್ನು ಬರೆದಿಟ್ಟವರು ನಮ್ಮ ಹೂವಿನಹಡಗಲಿಯಲ್ಲಿ ಹುಟ್ಟಿದ ಸಿ.ಆರ್. ರಾವ್.

1950ರಲ್ಲಿ ರಾಷ್ಟ್ರೀಯ ಮಾದರಿ ಸಮೀಕ್ಷೆ ಶುರುವಾಗಿದ್ದೂ ಮಹಲನೋಬಿಸ್ ಮುಂದಾಳತ್ವದಲ್ಲಿ. 1972ರ ಜೂನ್ 28ರಂದು, 79 ತುಂಬಲು ಒಂದು ದಿನ ಇರುವಾಗ, ತೀರಿಕೊಂಡರು. ಅವರ ಹುಟ್ಟಿದ ದಿನವೇ ಈಗ ರಾಷ್ಟ್ರೀಯ ಸಾಂಖ್ಯಿಕ ದಿನ.

ರಾತ್ರಿ ಅಂಗಡಿ ಬಾಗಿಲು ಹಾಕುವ ಮುಂಚೆ ಮೊತ್ತ ಕೂಡಿಸ್ತೀರಲ್ಲ, ಅದಕ್ಕೂ ಮೊದಲು ಪುಸ್ತಕದ ಮೇಲೊಮ್ಮೆ ಕಣ್ಣಾಡಿಸಿ. 450 ಇರಬೇಕಾದ ಕಡೆ 4,500 ಕೂತಿದ್ದರೆ ಕ್ಯಾಲ್ಕುಲೇಟರ್ ಅದನ್ನು ಹೇಳೋದಿಲ್ಲ.