ಪರದೆಯಿಂದ ತೆರೆಗೆ: ಗುಬ್ಬಿ ವೀರಣ್ಣನವರ ದೃಶ್ಯನಿರ್ಮಾಣ

ಕನ್ನಡ ಚಲನಚಿತ್ರದ ಕಲಾನಿರ್ದೇಶನದ ಪೂರ್ವಚರಿತ್ರೆಯನ್ನು ಸ್ಟುಡಿಯೋಗಳಲ್ಲಿ ಮಾತ್ರ ಹುಡುಕಿದರೆ ಅದು ಅಪೂರ್ಣವಾಗುತ್ತದೆ. ಅದರ ಬೇರುಗಳು ವೃತ್ತಿನಾಟಕ ಕಂಪನಿಗಳ ಪರದೆ, ಪಕ್ಕಪರದೆ ಮತ್ತು ದೀಪಗಳ ನಡುವೆ ಇವೆ. ಈ ದೃಷ್ಟಿಯಿಂದ ಗುಬ್ಬಿ ವೀರಣ್ಣನವರ ಜೀವನ ವಿಶೇಷ ಪರಿಶೀಲನೆಗೆ ಅರ್ಹವಾಗಿದೆ.

1891ರಲ್ಲಿ ತುಮಕೂರು ಜಿಲ್ಲೆಯ ಗುಬ್ಬಿಯಲ್ಲಿ ಜನಿಸಿದ ವೀರಣ್ಣನವರು, 1884ರಲ್ಲಿ ಅದೇ ಊರಿನಲ್ಲಿ ಸ್ಥಾಪಿತವಾಗಿದ್ದ ಶ್ರೀ ಚನ್ನಬಸವೇಶ್ವರ ನಾಟಕ ಸಂಘವನ್ನು ಬಾಲನಟರಾಗಿ ಸೇರಿದರು. 1917ರಲ್ಲಿ ಕಂಪನಿಯ ಒಡೆತನ ಅವರದಾಯಿತು. ಅರಮನೆ, ಬೀದಿ, ಉದ್ಯಾನ, ಅರಣ್ಯಗಳನ್ನು ಚಿತ್ರಿಸಿದ ಪರದೆಗಳನ್ನೇ ಹಲವು ನಾಟಕಗಳಿಗೆ ಬಳಸುವುದು ಅಂದಿನ ಕಂಪನಿಗಳ ರೂಢಿ. ಸುರುಳಿ ಸುತ್ತಿ ಊರಿಂದೂರಿಗೆ ಸಾಗಿಸಬಹುದಾದ ಈ ಪರದೆಯು ಸಂಚಾರಿ ಕಂಪನಿಯ ಅಗತ್ಯದಿಂದಲೇ ರೂಪುಗೊಂಡದ್ದು. ವೀರಣ್ಣನವರು ಈ ರೂಢಿಯನ್ನು ಬಿಡದೆ ಅದರ ಮಿತಿಯನ್ನು ವಿಸ್ತರಿಸಿದರು. 1934ರ 'ಕುರುಕ್ಷೇತ್ರ' ಪ್ರಯೋಗದಲ್ಲಿ ಜೀವಂತ ಆನೆ, ಕುದುರೆಗಳನ್ನೇ ರಂಗಕ್ಕೆ ತಂದರು. ಚಿತ್ರಿತ ಪರದೆ ದೂರ ಮತ್ತು ಆಳಗಳ ಭ್ರಮೆಯನ್ನು ನೀಡಬಲ್ಲದು. ಆದರೆ ನಿಜವಾದ ಆನೆ ಅದರ ಮುಂದೆ ನಿಂತಾಗ ಪ್ರಮಾಣದ ಪ್ರಶ್ನೆ ಏಳುತ್ತದೆ. ರಂಗದ ಅಳತೆ, ನೆಲದ ದೃಢತೆ, ಪ್ರವೇಶದ ದಾರಿ ಇವೆಲ್ಲವೂ ದೃಶ್ಯನಿರ್ಮಾಣದ ಭಾಗಗಳಾಗುತ್ತವೆ.

ಈ ವೈಭವಕ್ಕೆ ತೆರಬೇಕಾದ ಬೆಲೆಯೂ ದೊಡ್ಡದಿತ್ತು. ನಟವರ್ಗ, ಪರಿಕರ, ಪ್ರಾಣಿಗಳೆಲ್ಲದರ ಪೋಷಣೆ ದಿನದಿನದ ಟಿಕೆಟ್ ಗಳಿಕೆಯನ್ನೇ ಅವಲಂಬಿಸಿತ್ತು. ಇದೇ ಕಾಲದಲ್ಲಿ ಚಲನಚಿತ್ರವು ಪ್ರೇಕ್ಷಕರನ್ನು ಸೆಳೆಯತೊಡಗಿತು. ವೀರಣ್ಣನವರು ಈ ಪ್ರತಿಸ್ಪರ್ಧಿಯನ್ನು ದೂರವಿಡದೆ ತಾವೇ ಅದರೊಳಗೆ ಪ್ರವೇಶಿಸಿದರು. 1930ರ ದಶಕದ ಆರಂಭದಲ್ಲಿ ಮೂಕಿಚಿತ್ರಗಳನ್ನು ನಿರ್ಮಿಸಿದರು. ರಂಗದ ಮೇಲೆ ತಮಗೆ ಖ್ಯಾತಿ ತಂದ 'ಸದಾರಮೆ'ಯ ಕಳ್ಳನ ಪಾತ್ರವನ್ನು 1935ರ ವಾಕ್ಚಿತ್ರದಲ್ಲಿಯೂ ನಿರ್ವಹಿಸಿದರು. 'ಜೀವನ ನಾಟಕ' (1942), 'ಹೇಮರೆಡ್ಡಿ ಮಲ್ಲಮ್ಮ' ಮೊದಲಾದ ಚಿತ್ರಗಳು ಅನಂತರ ಬಂದವು.

ರಂಗದ ಪ್ರೇಕ್ಷಕ ಒಂದೇ ದಿಕ್ಕಿನಿಂದ ನೋಡುತ್ತಾನೆ. ಕ್ಯಾಮೆರಾ ಚಲಿಸುತ್ತದೆ, ಸಮೀಪಿಸುತ್ತದೆ. ಆಗ ಚಿತ್ರಿತ ಪರದೆಯ ಚಪ್ಪಟೆತನ ಬಯಲಾಗುತ್ತದೆ. ಆದ್ದರಿಂದ ರಂಗಸಜ್ಜಿಕೆಯು ತೆರೆಗೆ ನೇರವಾಗಿ ಸಾಗುವಂತಿರಲಿಲ್ಲ. ಸಾಗಿದ್ದು ಕಥಾವಸ್ತು, ವೇಷಭೂಷಣದ ಕಲ್ಪನೆ ಮತ್ತು ತರಬೇತಿ ಪಡೆದ ಕಲಾವಿದರು. 1954ರ 'ಬೇಡರ ಕಣ್ಣಪ್ಪ' ಇದಕ್ಕೆ ನಿದರ್ಶನ. ಎಚ್.ಎಲ್.ಎನ್. ಸಿಂಹ ಅವರು ನಿರ್ದೇಶಿಸಿದ ಈ ಚಿತ್ರದ ಮೂಲಕ ಗುಬ್ಬಿ ಕಂಪನಿಯ ನಟ ರಾಜ್‌ಕುಮಾರ್ ನಾಯಕರಾದರು.

1972ರಲ್ಲಿ ಪದ್ಮಶ್ರೀ ಪುರಸ್ಕೃತರಾದ ವೀರಣ್ಣನವರು ಅದೇ ವರ್ಷದ ಅಕ್ಟೋಬರ್ 18ರಂದು ನಿಧನರಾದರು. ಮರುವರ್ಷ ದೊಡ್ಡಮಳೂರಿನಿಂದ ಅಷ್ಟೇನೂ ದೂರವಲ್ಲದ ರಾಮನಗರದ ಬಂಡೆಗಳ ನಡುವೆ 'ಶೋಲೆ' ಹಿಂದಿ ಚಿತ್ರದ ಚಿತ್ರೀಕರಣ ಆರಂಭವಾಯಿತು. ಅದಕ್ಕಾಗಿ ಕಲಾನಿರ್ದೇಶಕ ರಾಮ್ ಯೇಡೇಕರ್ ಅಲ್ಲಿ ರಾಮಗಢವೆಂಬ ಹಳ್ಳಿಯನ್ನೇ ನಿರ್ಮಿಸಿದರು. ರಂಗಕ್ಕೆ ಆನೆಯನ್ನು ತಂದ ಕಾಲದಿಂದ, ಬೆಟ್ಟದ ಬುಡಕ್ಕೆ ಸೆಟ್ಟನ್ನೇ ಕೊಂಡೊಯ್ದ ಕಾಲದವರೆಗೆ ನಾಲ್ಕು ದಶಕಗಳ ಅಂತರವಿದೆ. ಎರಡರ ಹಿಂದಿನ ಪ್ರೇರಣೆ ಒಂದೇ: ಕಲ್ಪಿತ ಲೋಕಕ್ಕೆ ನಿಜದ ತೂಕವನ್ನು ಕೊಡುವುದು. ಆ ಪ್ರೇರಣೆಯನ್ನು ಕನ್ನಡ ರಂಗದ ಮೇಲೆ ಅಷ್ಟು ದೊಡ್ಡ ಪ್ರಮಾಣದಲ್ಲಿ ಕಾರ್ಯರೂಪಕ್ಕೆ ತಂದುದೇ ವೀರಣ್ಣನವರ ಸಾಧನೆ.