ದಿವಾನ್ ಶೇಷಾದ್ರಿ ಅಯ್ಯರವರೂ ಶಿವನಸಮುದ್ರದ ವಿದ್ಯುಚ್ಛಕ್ತಿಯೂ

ಚಾಮರಾಜನಗರ, ಗುಂಡ್ಲುಪೇಟೆಗಳ ಮನೆಗಳಲ್ಲಿ ಸಂಜೆಯಾಗುತ್ತಲೇ ದೀಪ ಹೊತ್ತಿಸುವ ನಾವು, ಈ ನಾಡಿಗೆ ಆ ಬೆಳಕು ಮೊದಲು ಹೇಗೆ ಬಂದಿತೆಂದು ಯೋಚಿಸುವುದು ಅಪರೂಪ. ನಮ್ಮ ಜಿಲ್ಲೆಯ ಕೊಳ್ಳೇಗಾಲ ತಾಲ್ಲೂಕಿನ ಅಂಚಿನಲ್ಲಿ ಕಾವೇರಿಯು ಎರಡು ಕವಲಾಗಿ ಒಡೆದು, ಶಿವನಸಮುದ್ರವೆಂಬ ದ್ವೀಪವನ್ನು ಬಳಸಿಕೊಂಡು, ಈಚೆ ಭರಚುಕ್ಕಿಯಾಗಿಯೂ ಆಚೆ ಮಂಡ್ಯ ಜಿಲ್ಲೆಯ ಕಡೆ ಗಗನಚುಕ್ಕಿಯಾಗಿಯೂ ಧುಮುಕುತ್ತದೆ. ಎಷ್ಟೋ ತಲೆಮಾರಿನವರು ಅದರ ಅಂದವನ್ನು ಕಂಡು ಬೆರಗಾಗಿ ಹಿಂದಿರುಗಿದರು. ಆ ನೀರಿನಲ್ಲಿ ಒಂದು ಸಂಸ್ಥಾನದ ಮುಂದಿನ ಭಾಗ್ಯವನ್ನು ಕಂಡವರಲ್ಲಿ ಮೈಸೂರಿನ ದಿವಾನರಾಗಿದ್ದ ಸರ್ ಕೆ. ಶೇಷಾದ್ರಿ ಅಯ್ಯರವರು ಪ್ರಮುಖರು.

ಶೇಷಾದ್ರಿ ಅಯ್ಯರವರು 1845ನೆಯ ಇಸವಿ ಜೂನ್ 1ರಂದು ಮಲಬಾರಿನ ಪಾಲಘಾಟಿನ ಸೀಮೆಯಲ್ಲಿ ಜನಿಸಿದರು. ಕಲ್ಲಿಕೋಟೆಯಲ್ಲಿಯೂ ಆಮೇಲೆ ಮದರಾಸಿನ ಪ್ರೆಸಿಡೆನ್ಸಿ ಕಾಲೇಜಿನಲ್ಲಿಯೂ ವ್ಯಾಸಂಗಮಾಡಿ ಬಿ. ಎ. ಪರೀಕ್ಷೆಯಲ್ಲಿ ತೇರ್ಗಡೆಯಾದರು. ರಂಗಾಚಾರ್ಲುರವರ ಪ್ರೋತ್ಸಾಹದಿಂದ 1868ರಲ್ಲಿ ಮೈಸೂರಿನ ಸೇವೆಗೆ ಸೇರಿ, ನ್ಯಾಯ ಇಲಾಖೆಯಲ್ಲಿಯೂ ಜಿಲ್ಲೆಯ ಆಡಳಿತದಲ್ಲಿಯೂ ಅನುಭವವನ್ನು ಗಳಿಸಿಕೊಂಡರು. 1883ರಲ್ಲಿ ರಂಗಾಚಾರ್ಲುರವರು ತೀರಿಕೊಳ್ಳಲು, ದಿವಾನಗಿರಿಯು ಇವರ ಪಾಲಿಗೆ ಬಂದಿತು. ಸುಮಾರು ಹದಿನೆಂಟು ವರ್ಷಗಳ ಕಾಲ ಇವರು ಆ ಭಾರವನ್ನು ಹೊತ್ತರು.

ಆಗಿನ ಮೈಸೂರು ಬಡ ಸಂಸ್ಥಾನ. 1876ರಿಂದ 1878ರವರೆಗಿನ ಮಹಾಕ್ಷಾಮದಲ್ಲಿ ಸುಮಾರು ಹತ್ತು ಲಕ್ಷ ಜನರು ನಾಶವಾಗಿದ್ದರು. 1881ರಲ್ಲಿ ರಾಜ್ಯವು ಹತ್ತನೆಯ ಚಾಮರಾಜೇಂದ್ರ ಒಡೆಯರವರ ಕೈಗೆ ಹಿಂದಿರುಗಿದಾಗ, ಅದರೊಡನೆ ಇಂಗ್ಲಿಷು ಸರ್ಕಾರಕ್ಕೆ ತೀರಿಸಬೇಕಾದ ಸುಮಾರು 80 ಲಕ್ಷ ರೂಪಾಯಿಗಳ ಸಾಲವೂ ಬಂದಿತು. ಇಂತಹ ಸ್ಥಿತಿಯಲ್ಲಿ ಕೈ ಬಿಗಿಹಿಡಿದು ಕುಳಿತುಕೊಳ್ಳುವುದು ಸುಲಭವಾಗಿತ್ತು. ಶೇಷಾದ್ರಿ ಅಯ್ಯರವರಾದರೋ ವ್ಯಯವನ್ನು ಹದದಲ್ಲಿಟ್ಟು, ಮುಂದೆ ಫಲ ಕೊಡುವ ಕಾರ್ಯಗಳಿಗೆ ಹಣವನ್ನು ತೊಡಗಿಸಿದರು. 1891ರಲ್ಲಿ ಮೈಸೂರಿನಿಂದ ನಂಜನಗೂಡಿಗೆ ರೈಲುದಾರಿಯಾಯಿತು. ಅದೇ ದಾರಿಯು 1926ರಲ್ಲಿ ಚಾಮರಾಜನಗರವನ್ನು ಮುಟ್ಟಿತು. ಅದೇ 1891ರಲ್ಲಿ ಸಿವಿಲ್ ಸರ್ವಿಸಿಗೆ ಸ್ಪರ್ಧೆಯ ಪರೀಕ್ಷೆಯು ಆರಂಭವಾಯಿತು. 1894ರಲ್ಲಿ ಭೂಗರ್ಭಶಾಸ್ತ್ರದ ಇಲಾಖೆಯು ಹುಟ್ಟಿತು.

ಅದೇ ವರ್ಷದ ಕೊನೆಯಲ್ಲಿ ಮಹಾರಾಜರು ಕಲ್ಕತ್ತೆಯಲ್ಲಿ ಅಕಾಲಮರಣಕ್ಕೆ ಈಡಾದರು. ಕುಮಾರರಾದ ಕೃಷ್ಣರಾಜರಿಗೆ ಆಗ ಹತ್ತೇ ವರ್ಷ. ಮಹಾರಾಣಿ ಕೆಂಪನಂಜಮ್ಮಣ್ಣಿ ವಾಣಿವಿಲಾಸ ಸನ್ನಿಧಾನದವರು ರೀಜೆಂಟರಾಗಿ 1902ರವರೆಗೆ ರಾಜ್ಯವನ್ನಾಳಿದರು. ಮೈಸೂರಿನ ಅತ್ಯಂತ ಸಾಹಸದ ಉದ್ಯಮವು ಒಬ್ಬ ಹೆಣ್ಣುಮಗಳ ಆಳ್ವಿಕೆಯಲ್ಲಿ ಕೈಗೂಡಿತೆಂಬುದನ್ನು ಹೆಣ್ಣುಮಕ್ಕಳ ಶಾಲೆಯವರಾದ ನಾವು ಮರೆಯಲಾಗದು.

ಆ ಉದ್ಯಮದ ಕಾರಣವು ಕೋಲಾರದ ಚಿನ್ನದ ಗಣಿಗಳಲ್ಲಿತ್ತು. ಗಣಿಗಳು ಆಳವಾದಷ್ಟೂ ಯಂತ್ರಗಳಿಗೆ ಹೆಚ್ಚು ಶಕ್ತಿ ಬೇಕಾಯಿತು. ಸೌದೆಯೂ ದೂರದಿಂದ ತರಿಸುವ ಕಲ್ಲಿದ್ದಲೂ ದುಬಾರಿಯಾದವು. ಇತ್ತ ಕಾವೇರಿಯ ಶಕ್ತಿಯು ವ್ಯರ್ಥವಾಗಿ ಹರಿಯುತ್ತಿದ್ದಿತು. ಆದರೆ ಎರಡಕ್ಕೂ ನಡುವೆ ತಂತಿಯ ದಾರಿ 92 ಮೈಲಿ. 1896ರಲ್ಲಿ ಅಮೆರಿಕದ ನಯಾಗರದಿಂದ ಬಫಲೊ ಪಟ್ಟಣಕ್ಕೆ ವಿದ್ಯುತ್ತು ಹರಿದುದು ಲೋಕಕ್ಕೆಲ್ಲ ಅಚ್ಚರಿಯಾಗಿತ್ತು. ಆ ದೂರವು ಸುಮಾರು 25 ಮೈಲಿ ಮಾತ್ರ. ನಮ್ಮ ದೇಶದ ಡಾರ್ಜಿಲಿಂಗಿನಲ್ಲಿ 1897ರಲ್ಲಿ ಆರಂಭವಾದುದು ಒಂದು ಊರಿನ ದೀಪಗಳಿಗೆ ಸಾಲುವಷ್ಟು ಚಿಕ್ಕ ಯಂತ್ರಾಗಾರ.

ದೂರಕ್ಕೆ ಹೋದಂತೆಲ್ಲ ವಿದ್ಯುತ್ತು ತಂತಿಯನ್ನು ಬಿಸಿಮಾಡಿ ದಾರಿಯಲ್ಲಿಯೇ ಸೋರಿಹೋಗುತ್ತದೆ. ಒತ್ತಡವನ್ನು ಬಹಳವಾಗಿ ಏರಿಸಿ ಕಳುಹಿಸಿದರೆ ನಷ್ಟವು ಕಡಮೆ. ತಲಪಿದೆಡೆ ಮತ್ತೆ ಒತ್ತಡವನ್ನಿಳಿಸಿ ಬಳಸಬಹುದು. ಈ ವಿದ್ಯೆಯು ಆಗ ತೀರ ಹೊಸದು. ಮೈಸೂರಿನ ಡೆಪ್ಯುಟಿ ಚೀಫ್ ಎಂಜಿನಿಯರಾಗಿದ್ದ ಜೋಲಿ ಡಿ ಲಾಟ್‌ಬಿನಿಯೇರ್ ಎಂಬವರು ಯೋಜನೆಯನ್ನು ಸಿದ್ಧಪಡಿಸಿ, ಯೂರೋಪು ಅಮೆರಿಕಗಳಿಗೆ ಹೋಗಿ ಅಲ್ಲಿಯ ಯಂತ್ರಾಗಾರಗಳನ್ನು ಕಣ್ಣಾರೆ ನೋಡಿಬಂದರು. ದಿವಾನರು ಅವರಿಗೆ ಬೆಂಬಲವಾಗಿ ನಿಂತರು.

ಇಲ್ಲಿಯೇ ಶೇಷಾದ್ರಿ ಅಯ್ಯರವರ ರಾಜನೀತಿಯು ಬೆಳಗುತ್ತದೆ. ಜಲಪಾತವನ್ನು ಪರರ ಕೈಗೊಪ್ಪಿಸದೆ ಸಂಸ್ಥಾನವೇ ಬಂಡವಾಳವನ್ನು ಹಾಕಿ ಒಡೆತನವನ್ನು ಉಳಿಸಿಕೊಂಡಿತು. ಯಂತ್ರಗಳನ್ನು ಕೊಳ್ಳುವುದಕ್ಕೆ ಮುಂಚೆಯೇ ಶಕ್ತಿಯನ್ನು ಕೊಳ್ಳುವವರನ್ನು ಗೊತ್ತುಮಾಡಿಕೊಂಡು, ಗಣಿಯ ಕಂಪೆನಿಗಳೊಡನೆ ಕರಾರುಮಾಡಿಕೊಂಡರು. ತಾವರಿಯದ ವಿದ್ಯೆಯನ್ನು ಅರಿತವರಿಂದ ಪಡೆಯಲು ನಾಚದೆ, ವಿದ್ಯುದ್ಯಂತ್ರಗಳ ಕೆಲಸವನ್ನು ಅಮೆರಿಕದ ಜನರಲ್ ಎಲೆಕ್ಟ್ರಿಕ್ ಕಂಪೆನಿಗೂ ನೀರಿನ ಚಕ್ರಗಳನ್ನು ಸ್ವಿಟ್ಸರ್ಲೆಂಡಿನ ಎಷರ್ ವಿಸ್ ಕಂಪೆನಿಗೂ ವಹಿಸಿದರು. ನದಿಯ ಆಚೆ ದಡದ ಕೊಳ್ಳೇಗಾಲವು ಆಗ ಮದರಾಸು ಆಧಿಪತ್ಯಕ್ಕೆ ಸೇರಿದ್ದುದರಿಂದ ಆ ಸರ್ಕಾರದ ಸಮ್ಮತಿಯೂ ಬೇಕಾಗಿತ್ತು; ಅದನ್ನೂ ಪಡೆದರು.

1900ರಲ್ಲಿ ಕೆಲಸವು ಆರಂಭವಾಯಿತು. ಭಾರವಾದ ಯಂತ್ರಭಾಗಗಳು ಆನೆ, ಎತ್ತುಗಳ ಸಹಾಯದಿಂದ ಕಣಿವೆಗೆ ಸೇರಿದವು. ಸುಮಾರು 400 ಅಡಿಗಳ ಎತ್ತರದಿಂದ ಕೊಳವೆಗಳಲ್ಲಿ ನೀರಿಳಿದು, ತಲಾ 720 ಕಿಲೋವಾಟಿನ ಆರು ಯಂತ್ರಗಳನ್ನು ತಿರುಗಿಸಬೇಕೆಂದು ಏರ್ಪಾಡು. ಆದರೆ ದಿವಾನರ ದೇಹಸ್ಥಿತಿಯು ಆಗಲೇ ಕುಂದಿದ್ದಿತು. 1901ನೆಯ ಸೆಪ್ಟೆಂಬರು 13ರಂದು ಅವರು ಕಾಲವಾದರು. 1902ನೆಯ ಜೂನ್ 30ರಂದು ವಿದ್ಯುತ್ತು 35,000 ವೋಲ್ಟಿನ ಒತ್ತಡದಲ್ಲಿ ಕೋಲಾರವನ್ನು ಸೇರಿತು. ಬಿತ್ತಿದವರು ಬೆಳೆಯನ್ನು ಕಾಣಲಿಲ್ಲ.

ಬೆಳೆಯು ಮಾತ್ರ ದೊಡ್ಡದಾಯಿತು. 1905ರಲ್ಲಿ ಬೆಂಗಳೂರಿಗೂ 1908ರಲ್ಲಿ ಮೈಸೂರು ನಗರಕ್ಕೂ ದೀಪಗಳು ಬಂದವು. ಮೊದಲು ಪರದೇಶದವರು ನಡೆಸುತ್ತಿದ್ದ ಯಂತ್ರಗಳನ್ನು ಕ್ರಮೇಣ ಈ ನಾಡಿನ ತರುಣರು ನಡೆಸಲು ಕಲಿತರು. ಜಮ್‌ಷೆಟ್‌ಜಿ ತಾತಾರವರ ವಿಜ್ಞಾನ ಸಂಸ್ಥೆಗೆ ಮೈಸೂರು 371 ಎಕರೆ ಭೂಮಿಯನ್ನಿತ್ತು, 1909ರಲ್ಲಿ ಸಂಸ್ಥೆಯು ಸ್ಥಾಪಿತವಾಯಿತು. ಅಲ್ಲಿ ಮೊದಲು ಕಲಿಸಿದ ವಿಷಯಗಳಲ್ಲಿ ವಿದ್ಯುತ್ತಿನ ಶಾಸ್ತ್ರವೂ ಒಂದು. 1940ರಲ್ಲಿ ವಾಲ್‌ಚಂದ್ ಹೀರಾಚಂದರೊಡನೆ ಮೈಸೂರು ಸರ್ಕಾರವೂ ಕೈಜೋಡಿಸಿ ವಿಮಾನದ ಕಾರ್ಖಾನೆಯನ್ನು ಬೆಂಗಳೂರಿನಲ್ಲಿ ನಿಲ್ಲಿಸಿತು. 1954ರಲ್ಲಿ ಭಾರತ್ ಎಲೆಕ್ಟ್ರಾನಿಕ್ಸ್ ಅಲ್ಲಿ ಹುಟ್ಟಿತು. ಕೋಲಾರದ ಗಣಿಗಳು 2001ರಲ್ಲಿ ಮುಚ್ಚಿಹೋದವು. ಚಿನ್ನವು ಮುಗಿಯಿತು, ಚಿನ್ನಕ್ಕಾಗಿ ಕಲಿತ ವಿದ್ಯೆಯು ಮುಗಿಯಲಿಲ್ಲ.

ಇವರ ಆಡಳಿತದಲ್ಲಿ ಕೊರತೆಗಳಿರಲಿಲ್ಲವೆಂದು ಹೇಳುವುದು ಸತ್ಯವಾಗಲಾರದು. ಉನ್ನತ ಪದವಿಗಳು ಮದರಾಸಿನವರಿಗೆ ಹೆಚ್ಚಾಗಿ ಹೋದುವೆಂದು ಮೈಸೂರಿಗರು ನೊಂದರು. 1892ರಲ್ಲಿ ಮದರಾಸಿನೊಡನೆ ಆದ ನೀರಿನ ಕರಾರು ಮುಂದೆ ಬಹುಕಾಲದ ವ್ಯಾಜ್ಯಕ್ಕೆ ಎಡೆಯಾಯಿತು. ಇನ್ನೊಂದು ಮಾತು ನಮ್ಮ ಸೀಮೆಯನ್ನೇ ಮುಟ್ಟುತ್ತದೆ. ವಿದ್ಯುತ್ತು 92 ಮೈಲಿ ದಾಟಿ ವಿಲಾಯತಿಯ ಕಂಪೆನಿಗಳ ಗಣಿಗಳಿಗೆ ಹೋಯಿತು. ಅದರ ತಂತಿಯು ಹಾದುಹೋದ ಹಳ್ಳಿಗಳೂ, ಜಲಪಾತದ ಸದ್ದು ಕೇಳಿಸುವ ಊರುಗಳೂ, ಇತ್ತ ಚಾಮರಾಜನಗರ ಗುಂಡ್ಲುಪೇಟೆಗಳ ಗ್ರಾಮಗಳೂ ಬಹುಕಾಲ ಎಣ್ಣೆಯ ದೀಪದಲ್ಲಿಯೇ ಕಳೆದವು. ಸಂಸ್ಥಾನವು ಸಂಪಾದಿಸಿದುದು ಬಡವನ ಮನೆಗೆ ತಾನಾಗಿ ಹರಿದು ಬರುವುದಿಲ್ಲ. ಅದಕ್ಕೂ ಅಷ್ಟೇ ದೃಢಸಂಕಲ್ಪವು ಬೇಕು.

ಬೆಂಗಳೂರಿನ ಕಬ್ಬನ್ ಉದ್ಯಾನದಲ್ಲಿ 1913ರಲ್ಲಿ ಪ್ರತಿಷ್ಠಿಸಿದ ಇವರ ಪ್ರತಿಮೆಯಿದೆ. ಶೇಷಾದ್ರಿಪುರವು ಇವರ ಹೆಸರನ್ನು ಹೊತ್ತಿದೆ. ಈ ಪುಟಗಳನ್ನೋದುವ ತಾಯಿತಂದೆಗಳೂ ಹಳೆಯ ವಿದ್ಯಾರ್ಥಿನಿಯರೂ ಮಕ್ಕಳನ್ನು ಕರೆದುಕೊಂಡು ಭರಚುಕ್ಕಿಗೆ ಹೋದಾಗ ನೀರಿನ ಸೊಬಗನ್ನು ತೋರಿಸಿದ ಮೇಲೆ ಈ ಕಥೆಯನ್ನೂ ಹೇಳಲಿ. ಹೊಸ ವಿದ್ಯೆಯನ್ನು ಕಲಿಯಬಯಸುವ ಹುಡುಗಿಗೆ ವೆಚ್ಚದ ಭಯದಿಂದ ಬೇಡವೆನ್ನುವ ಮನೆಯು, ಸಾಲದಲ್ಲಿದ್ದರೂ ಹಿಂಜರಿಯದ ಆ ಸಂಸ್ಥಾನವನ್ನು ಒಮ್ಮೆ ನೆನೆದುಕೊಳ್ಳಲಿ.